ಹರಿದು ಬಿಸಾಕಿದ ಕಾಗದ

ಮಹಾರಾಷ್ಟ್ರದ ಜತ್ತ ತಾಲೂಕಿನ ಸನಮಡಿಯಲ್ಲಿ ನಮ್ಮದು ಸಣ್ಣ ಕಿರಾಣಿ ಅಂಗಡಿ. ಮನೆಯ ಮಾತು ಕನ್ನಡ, ಜತ್ತದ ಕಚೇರಿಗಳ ಕಾಗದ ಮರಾಠಿ. ನಾನು ಕಲಿತದ್ದು ಕನ್ನಡ ಶಾಲೆಯಲ್ಲಿ. ಮರಾಠಿ ಸರಾಗ ಮಾತಾಡುತ್ತೇನೆ, ಓದುವಾಗ ಮಾತ್ರ ಅಕ್ಷರ ಕೂಡಿಸಿಕೊಳ್ಳಬೇಕು. ಅಂಗಡಿಯವನಿಗೆ ಅಷ್ಟು ಸಾಕು ಅಂದುಕೊಂಡಿದ್ದೆ.

2014ರ ಜೂನಿನ ಒಂದು ಸಂಜೆ ತಾಲೂಕಿನ ಒಂದು ಸರಕಾರಿ ವಿದ್ಯಾರ್ಥಿ ವಸತಿಗೃಹದಿಂದ ಗೃಹಪಾಲರ ಫೋನು ಬಂತು. "ಹುಡುಗ್ರು ಬಂದಾರ, ಅಡಗಿ ಮನ್ಯಾಗ ಏನೂ ಇಲ್ಲ." ಅವತ್ತೇ ಜೋಳ, ತೊಗರಿಬೇಳೆ, ಎಣ್ಣೆ ಟೆಂಪೋದಲ್ಲಿ ಕಳಿಸಿದೆ. ಲಿಖಿತ ಆರ್ಡರ್ ಕೇಳಲಿಲ್ಲ. ಕೇಳಿದರೆ ಆ ಮನುಷ್ಯನಿಗೆ ಅವಮಾನ ಮಾಡಿದಂತೆ ಅನ್ನಿಸಿತ್ತು. ಮುಂದೆ ಪ್ರತಿ ತಿಂಗಳೂ ಹಾಗೇ ನಡೆಯಿತು. ಮಾಲು ಇಳಿಯುವಾಗ ಯಾರಿದ್ದರೋ ಅವರೇ ಚಲನ್ ಮೇಲೆ ಸಹಿ ಹಾಕುತ್ತಿದ್ದರು, ಹೆಚ್ಚಾಗಿ ಅಡುಗೆಯ ಬಾಯಿ. 2015ರ ಫೆಬ್ರುವರಿಗೆ ಬಾಕಿ 1,86,000 ರೂಪಾಯಿಗೆ ಮುಟ್ಟಿತು.

ಆ ಜೋಳ ನನ್ನ ಹೊಲದ್ದಲ್ಲ. ಓಣಿಯ ನಾಲ್ಕು ಮನೆಗಳಿಂದ ಉದ್ರಿ ತಂದದ್ದು. ಅದರಲ್ಲೊಂದು ಒಂಟಿ ಮುದುಕಿಯ ಮನೆ. ನಾವೆಲ್ಲ ಅವಳನ್ನು ಆಯಿ ಅನ್ನುತ್ತೇವೆ. ಮಳೆ ಕೈಕೊಡುವ ಈ ಸೀಮೆಯಲ್ಲಿ ಮನೆಯ ಜೋಳ ಅಳೆದು ಕೊಡುವುದೆಂದರೆ ಏನು ಅಂತ ನನಗೆ ಗೊತ್ತಿತ್ತು.

ಗೃಹಪಾಲರಿಗೆ ವರ್ಗವಾಯಿತು. ಹೊಸಬರು ಬಂದರು. ನಾನು ಅಲೆದೆ. 2016ರ ಮಾರ್ಚ್‌ನಲ್ಲಿ ಒಂದು ಪತ್ರ ಕೈಗಿತ್ತರು. ಎರಡು ಸಾಲು ಓದಿದೆ, "ಅನುದಾನ ಬಂದಿಲ್ಲ" ಎಂಬುದಷ್ಟೇ ಕಣ್ಣಿಗೆ ಬಿತ್ತು. ಬಸ್ ಸ್ಟ್ಯಾಂಡಿನಲ್ಲಿ ನಿಂತು ಹರಿದು ಬಿಸಾಕಿದೆ. ಮುಂದೆ ಒಂದೂವರೆ ವರ್ಷ ಸಿಟ್ಟಿನಲ್ಲಿ ಸುಮ್ಮನೆ ಕೂತೆ.

2017ರ ಅಕ್ಟೋಬರಿನಲ್ಲಿ ವಕೀಲರ ಬಳಿ ಹೋದಾಗ ಅವರು ಬಿಲ್ಲುಗಳ ತಾರೀಕು ನೋಡುತ್ತ ಹೋದರು. ಮಾರಿದ ಮಾಲಿನ ದುಡ್ಡಿಗೆ ದಾವೆ ಹೂಡಲು ಮಾಲು ಕೊಟ್ಟ ದಿನದಿಂದ ಮೂರೇ ವರ್ಷದ ಮುದತು. ಸರಕಾರದ ಮೇಲಾದರೆ ಮೊದಲು ಎರಡು ತಿಂಗಳ ನೋಟೀಸು. ಅಷ್ಟು ದಿನ ಮಾತ್ರ ಮುದತಿಗೆ ಕೂಡುತ್ತದೆ. "ಬಾಕಿ ಅದ ಅಂತ ಅವರು ಎಲ್ಲ್ಯರ ಬರದು ಕೊಟ್ಟಾರೇನು?" ಎಂದರು. ಪತ್ರದ ಸುದ್ದಿ ಹೇಳಿದೆ. ಅವರು ಪೆನ್ನು ಕೆಳಗಿಟ್ಟರು. ಮುದತಿನೊಳಗೆ ಸಹಿ ಮಾಡಿ ಬಾಕಿ ಒಪ್ಪಿಕೊಂಡರೆ ಅಂದಿನಿಂದ ಹೊಸದಾಗಿ ಮೂರು ವರ್ಷ ಸಿಗುತ್ತದೆ, 1963ರ ಮುದತು ಕಾಯ್ದೆಯ 18ನೇ ಕಲಮು. ಹರಿದ ಪತ್ರದಲ್ಲಿ ಏನು ಬರೆದಿತ್ತೆಂದು ಬಾಯಿಮಾತಲ್ಲಿ ಹೇಳಿದರೆ ನಡೆಯುವುದಿಲ್ಲ. ಮಾಹಿತಿ ಹಕ್ಕಿನಲ್ಲಿ ಪ್ರತಿ ಕೇಳಿದೆವು. ಹೊರಹೋದ ಪತ್ರಗಳ ಜಾವಕ ವಹಿಯಲ್ಲಿ ನಂಬರು ಸಿಕ್ಕಿತು, ಕಾಗದ ಸಿಗಲಿಲ್ಲ. ಅವತ್ತು ರಾತ್ರಿ ಊಟಕ್ಕೆ ಕೂತರೂ ಮನೆಯವಳ ಮುಖ ನೋಡಲಾಗಲಿಲ್ಲ. ಹರಿಯಬೇಡ ಎಂದು ಯಾರೂ ಹೇಳಿರಲಿಲ್ಲ, ನಿಜ. ಪೂರಾ ಓದು ಎಂದು ಬೇರೆಯವರು ಹೇಳಬೇಕಿತ್ತೇ?

ದಾವೆ 2018ರ ಜನವರಿಯಲ್ಲಿ. ಆರ್ಡರ್ ಇಲ್ಲ, ಕರಾರಿಲ್ಲ ಎಂದು ಎದುರಿನ ವಾದ. ನಮ್ಮ ವಕೀಲರು 1872ರ ಕರಾರು ಕಾಯ್ದೆಯ 70ನೇ ಕಲಮು ತೆಗೆದರು: ಪುಕ್ಕಟೆ ಎಂದು ಕೊಡದ ವಸ್ತುವನ್ನು ಪಡೆದು ಅನುಭವಿಸಿದವರು ಪರಿಹಾರ ಕೊಡಬೇಕು. ಸರಿಯಾದ ಕರಾರಿಲ್ಲದೆ ಕಟ್ಟಡ ಕಟ್ಟಿಕೊಟ್ಟ ಬಿ.ಕೆ. ಮಂಡಲ್ ಕಂಪನಿಗೆ ಪಶ್ಚಿಮ ಬಂಗಾಲ ಸರಕಾರ ದುಡ್ಡು ಕೊಡಬೇಕೆಂದು 1961ರ ಡಿಸೆಂಬರಿನಲ್ಲೇ ಸುಪ್ರೀಂ ಕೋರ್ಟು ಹೇಳಿತ್ತಂತೆ. ಚಲನ್ ಮೇಲಿನ ಸಹಿ ಯಾರದು ಎಂದು ನ್ಯಾಯಾಧೀಶರು ಕೇಳಿದಾಗ ನನ್ನ ಬಾಯಿ ಒಣಗಿತ್ತು. ಅಡುಗೆಯ ಬಾಯಿ ಸಾಕ್ಷಿಗೆ ಬಂದಳು. ಕೆಲಸ ಬಿಟ್ಟು ವರ್ಷವಾಗಿತ್ತು. "ನಾನೇ ಇಳಿಸ್ಕೊಂಡೀನಿ, ಹುಡುಗ್ರು ಉಂಡಾರ" ಎಂದಳು. ಆ ಮಾತಿನಿಂದಲೇ ದಾವೆ ಉಳಿಯಿತು. 2014ರ ನವೆಂಬರಿನಿಂದೀಚೆಯ ಬಿಲ್ಲುಗಳಿಗೆ ಡಿಕ್ರಿಯಾಯಿತು. ಅದರ ಹಿಂದಿನವು ಮುದತು ಮೀರಿ ಹೋದವು. ಹುಡುಗರು ಉಂಡದ್ದಕ್ಕೆ ನನಗೆ ಇವತ್ತಿಗೂ ಖೇದವಿಲ್ಲ.

ಡಿಕ್ರಿಯ ದುಡ್ಡು ಬರುವ ಮೊದಲೇ ಎರಡು ಎಮ್ಮೆ ಮಾರಿ ಓಣಿಯ ಮೂರು ಮನೆಗೆ ಮುಟ್ಟಿಸಿದೆ. ಆಯಿಗೆ ಅರ್ಧ ಉಳಿಯಿತು. ಅವಳ ಹತ್ತಿರ ಚೀಟಿಯಿಲ್ಲ, ಸಹಿಯಿಲ್ಲ, ಅವಳ ಮೂರು ವರ್ಷವೂ ದಾಟಿಹೋಗಿತ್ತು. ಉಳಿದ ಬಾಕಿಯನ್ನು ಕನ್ನಡದಲ್ಲಿ ಬರೆದು, ತಾರೀಕು ಹಾಕಿ, ಸಹಿ ಮಾಡಿ ಕೊಟ್ಟೆ. "ಇದ್ಯಾಕೋ ತಮ್ಮಾ, ನೀ ಇಲ್ಲೇ ಇರ್ತಿ" ಎಂದಳು. ನಾನೇ ಗಟ್ಟಿಯಾಗಿ ಓದಿ ಹೇಳಿದೆ, ಕೊನೆಯ ಸಾಲಿನವರೆಗೆ. ಅವಳು ನಾಲ್ಕು ಮಡಿಕೆ ಮಾಡಿ ಸಂಚಿಯಲ್ಲಿ ಎಲೆಯಡಿಕೆಯ ಪಕ್ಕ ಇಟ್ಟುಕೊಂಡಳು.