ಮುಖ ಒಬ್ಬನದು, ದನಿ ಒಬ್ಬನದು

ನಾಯಕನ ಹೆಸರು ಭಿತ್ತಿಪತ್ರದ ಮೇಲೆ ದೊಡ್ಡ ಅಕ್ಷರಗಳಲ್ಲಿರುತ್ತದೆ. ಪೋಷಕ ನಟನ ಹೆಸರನ್ನು ನಾವು ಓದುವುದೇ ಇಲ್ಲ. ಆದರೆ ಎಷ್ಟೋ ಸಲ ಚಿತ್ರದ ಕಥೆ ಮರೆತ ಮೇಲೂ ಅವನ ಮುಖ ಮನಸ್ಸಿನಲ್ಲಿ ಉಳಿದುಬಿಡುತ್ತದೆ. ಹಾಗೆ ನಮ್ಮಲ್ಲಿ ಉಳಿದ ಮುಖಗಳಲ್ಲಿ ಇಟಲಿಯ ಟಿಬೇರಿಯೊ ಮುರ್ಜಾನದೂ ಒಂದು.

ಮಾರಿಯೊ ಮೊನಿಚೆಲ್ಲಿ ನಿರ್ದೇಶಿಸಿದ 'ಇ ಸೊಲಿತಿ ಇನ್ಯೋತಿ' ಎಂಬ ಹಾಸ್ಯಚಿತ್ರ 1958ರಲ್ಲಿ ತೆರೆಕಂಡಿತು. 'ಎಂದಿನ ಅಪರಿಚಿತರು' ಎಂಬುದು ಆ ಹೆಸರಿನ ಅರ್ಥ. ರೋಮ್ ನಗರದ ಕೆಲವು ಬಡ ಕಳ್ಳರು ಒಡವೆ ಒತ್ತೆಯಿಟ್ಟು ಸಾಲ ಕೊಡುವ ಕಚೇರಿಗೆ ಕನ್ನ ಹಾಕಲು ಹೊರಡುತ್ತಾರೆ. ಒಡೆದದ್ದು ತಪ್ಪು ಗೋಡೆ; ಸಿಕ್ಕಿದ್ದು ಅಡಿಗೆಮನೆ. ಅಲ್ಲಿದ್ದ ಪಾಸ್ತಾ ಮತ್ತು ಕಡಲೆಯ ಅಡಿಗೆಯನ್ನು ಹಂಚಿಕೊಂಡು ತಿನ್ನುತ್ತಾರೆ. ಗಾಸ್ಮನ್, ಮಾಸ್ತ್ರೊಯಾನ್ನಿ, ತೊತೊ ಮೊದಲಾದ ಅತಿರಥರ ನಡುವೆ ಫೆರ್ರಿಬೊತ್ತೆ ಎಂಬ ಅಡ್ಡಹೆಸರಿನ ಸಿಸಿಲಿಯವನೊಬ್ಬನಿದ್ದಾನೆ. ಮೀಸೆ, ಬಿಗಿದ ಮುಖ, ಗತ್ತಿನ ನಿಲುವು. ತಂಗಿಯನ್ನು ಮನೆಯೊಳಗಿಟ್ಟು ಬೀಗ ಹಾಕುವ ಅಣ್ಣ. ಆತನು ನಗುವುದಿಲ್ಲ, ನಾವು ನಗುತ್ತೇವೆ. ಆ ಪಾತ್ರಧಾರಿಯೇ ಮುರ್ಜಾ.

ಆದರೆ ಮುರ್ಜಾ ಸಿಸಿಲಿಯವನಲ್ಲ. ಆತನು 1929ರಲ್ಲಿ ಸಾರ್ಡಿನಿಯಾ ದ್ವೀಪದ ಒರಿಸ್ತಾನೊದಲ್ಲಿ ಹುಟ್ಟಿದವನು. ಬಡತನ ಆತನನ್ನು ಬೆಲ್ಜಿಯಂ ದೇಶದ ಮಾರ್ಸಿನೆಲ್ ಎಂಬಲ್ಲಿನ ಕಲ್ಲಿದ್ದಲ ಗಣಿಯವರೆಗೂ ಅಟ್ಟಿತ್ತು. 1956ರಲ್ಲಿ ಆ ಗಣಿಗೆ ಬೆಂಕಿ ಬಿದ್ದು ಮಡಿದವರು 262 ಮಂದಿ. ಅವರಲ್ಲಿ 136 ಮಂದಿ ಇಟಲಿಯವರು. ಬದುಕುಳಿದ ಮುರ್ಜಾ ರೋಮ್ ನಗರದ ಹೋಟೆಲೊಂದರಲ್ಲಿ ತಟ್ಟೆ ತೊಳೆಯುತ್ತಿದ್ದಾಗ ಚಿತ್ರದವರ ಕಣ್ಣಿಗೆ ಬಿದ್ದನು. ನಟನೆಯ ಶಿಕ್ಷಣವಿರಲಿಲ್ಲ, ಅವರಿಗೆ ಬೇಕಾದ ಮುಖವಿತ್ತು.

ಮುಖ ಸಾಕಾಯಿತು, ಮಾತು ಸಾಲಲಿಲ್ಲ. ಸಾರ್ಡಿನಿಯಾದ ಭಾಷೆಯೇ ಬೇರೆ. 1999ರ ಇಟಲಿಯ ಕಾನೂನು ಅದನ್ನು ಅಲ್ಪಸಂಖ್ಯಾತರ ಭಾಷೆಯೆಂದು ಮನ್ನಿಸಿತು. ಸಿಸಿಲಿಯ ಉಚ್ಚಾರ ಆ ನಾಲಗೆಗೆ ಸಹಜವಾಗಿರಲಿಲ್ಲ. ಆದ್ದರಿಂದ ರೆನಾತೊ ಕೊಮಿನೆತ್ತಿ ಎಂಬ ನಟನು ಫೆರ್ರಿಬೊತ್ತೆಗೆ ಕಂಠದಾನ ಮಾಡಿದನು. ಅಂದಿನ ಇಟಲಿಯಲ್ಲಿ ಇದು ವಿಶೇಷವೇನಲ್ಲ. ಚಿತ್ರೀಕರಣ ಮುಗಿದ ಮೇಲೆ ಧ್ವನಿಗೃಹದಲ್ಲಿ ಮಾತು ಸೇರಿಸುವುದೇ ಅಲ್ಲಿಯ ರೂಢಿ. ಅದೇ ಚಿತ್ರದಲ್ಲಿ ತಂಗಿಯಾಗಿ ನಟಿಸಿದ ಕ್ಲೌಡಿಯಾ ಕಾರ್ಡಿನಾಲೆ ಟ್ಯುನಿಸ್ ನಗರದಲ್ಲಿ ಫ್ರೆಂಚ್ ಮಾತಾಡಿ ಬೆಳೆದವಳು. ಅವಳ ದನಿಯೂ ಅವಳದಲ್ಲ. ಮುದುಕ ಕಳ್ಳನ ಪಾತ್ರದ ಕಾರ್ಲೊ ಪಿಸಾಕಾನೆ ನೇಪಲ್ಸಿನವನು. ತೆರೆಯ ಮೇಲೆ ಆತನು ಆಡುವುದು ಬೊಲೊನ್ಯಾದ ಮಾತು, ಅದೂ ಪರರ ಕಂಠದಲ್ಲಿ.

ಹೀಗೆ ಮುರ್ಜಾನಿಗೆ ಅನ್ನ ದೊರಕಿತು. ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದನು. ಬಹಳಷ್ಟು ಸಲ ಮತ್ತದೇ ಸಿಸಿಲಿಯವನಾಗಿ. 1985ರಲ್ಲಿ ಆ ಕಥೆಯ ಮುಂದುವರಿದ ಭಾಗ ತಯಾರಾದಾಗಲೂ ಫೆರ್ರಿಬೊತ್ತೆಯಾಗಿ ಬಂದವನು ಆತನೇ. 2010ರಲ್ಲಿ ತೀರಿಕೊಂಡನು.

ಗಡಿಯಾಚೆ ಬಾಳುವ ನಮಗೆ ಈ ವೃತ್ತಾಂತ ಬರಿಯ ಸಿನಿಮಾ ಸುದ್ದಿಯಾಗಿ ಕಾಣುವುದಿಲ್ಲ. ಕಾಸರಗೋಡಿನ ಕನ್ನಡದ ಹುಡುಗ ಬೆಂಗಳೂರಿಗೆ ಕೆಲಸಕ್ಕೆ ಹೋದರೆ ಅಲ್ಲಿ ಅವನು ಕೇರಳದವನು. ತಿರುವನಂತಪುರಕ್ಕೆ ಹೋದರೆ ಕನ್ನಡದವನು. ಹೊಟ್ಟೆಪಾಡಿಗಾಗಿ ಬೇರೆ ಭಾಷೆಯಲ್ಲಿ ಮಾತಾಡಿ, ಸಂಜೆ ಮನೆಯ ಹೊಸ್ತಿಲು ದಾಟಿದ ಮೇಲೆ ಸ್ವಂತ ದನಿಗೆ ಮರಳುವವರು ನಮ್ಮಲ್ಲಿ ಎಷ್ಟು ಮಂದಿಯಿಲ್ಲ! ಅದರಲ್ಲಿ ನಾಚಿಕೆಪಡುವಂಥದು ಏನೂ ಇಲ್ಲ. ದುಡಿಮೆಯ ಮಾತು ಬೇರೆ, ಒಡಲಿನ ಮಾತು ಬೇರೆ. ಮೊದಲನೆಯದನ್ನು ಚೆನ್ನಾಗಿ ಕಲಿಯಬೇಕು. ಎರಡನೆಯದನ್ನು ಮಕ್ಕಳಿಗೆ ಕಲಿಸಬೇಕು. ಕಲಿಸದೆ ಹೋದರೆ, ಸಂಜೆ ಮನೆಗೆ ಬಂದ ಮೇಲೂ ಮರಳಲು ದನಿಯೇ ಇರುವುದಿಲ್ಲ.

ಇನ್ನೊಂದು ಮಾತು. ಫೆರ್ರಿಬೊತ್ತೆಯನ್ನು ಮೆಚ್ಚಿದವರು ಮುರ್ಜಾನನ್ನು ನೆನೆಯುತ್ತಾರೆ; ಕೊಮಿನೆತ್ತಿಯನ್ನು ನೆನೆಯುವವರು ವಿರಳ. ಒಬ್ಬನು ಮುಖ ಕೊಟ್ಟನು, ಇನ್ನೊಬ್ಬನು ದನಿ ಕೊಟ್ಟನು. ಇಬ್ಬರೂ ಕೂಡಿದಾಗ ಒಂದು ಪಾತ್ರ ಪೂರ್ಣವಾಯಿತು. ಎಂದಿನ ಅಪರಿಚಿತರೆಂಬ ಹೆಸರು ತೆರೆಯ ಮೇಲಿನ ಕಳ್ಳರಿಗಿಂತ ಇಂಥ ಕಲಾವಿದರಿಗೇ ಹೆಚ್ಚು ಒಪ್ಪುತ್ತದೆಯೆಂದು ನಮಗೆ ತೋರುತ್ತದೆ.