ಮೂವತ್ತು ಜೀವ

ನಲವತ್ತೈದು ದಾಟಿದ ಗೃಹಸ್ಥನೊಬ್ಬ ರಾತ್ರಿ ಹನ್ನೊಂದರವರೆಗೆ ಇಸ್ಪೀಟು ಆಡಿದರೆ ಊರಿನವರು ಬೈಯಬಹುದು, ನಗುವುದಿಲ್ಲ. ಚದುರಂಗ ಆಡಿದರಂತೂ ಬುದ್ಧಿವಂತನೆಂಬ ಹೆಸರೇ ಬರುತ್ತದೆ. ನಮ್ಮ ಮುಮ್ಮಡಿ ಕೃಷ್ಣರಾಜ ಒಡೆಯರು ಚದುರಂಗದ ಕುದುರೆಯನ್ನು ಯಾವ ಮನೆಗೂ ಎರಡನೆಯ ಸಲ ಕಾಲಿಡದಂತೆ ೬೪ ಮನೆಗಳನ್ನೂ ಸುತ್ತಿಸುವ ಬಗೆಯನ್ನು ಕಟ್ಟಿ ತೋರಿಸಿದರು. ಹೊಸ ಹೊಸ ಮಣೆಯಾಟಗಳನ್ನು ರಚಿಸಿದರು. ಮೈಸೂರಿನವರು ಇಂದಿಗೂ ಅದನ್ನು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವೆ. ಆದರೆ ಅದೇ ಗೃಹಸ್ಥ ಕೈಯಲ್ಲೊಂದು ಪುಟ್ಟ ಯಂತ್ರ ಹಿಡಿದು, ಅದರೊಳಗಿನ ಕೆಂಪು ಟೋಪಿಯ ಕುಳ್ಳನನ್ನು ಆಮೆಗಳ ತಲೆಯ ಮೇಲೆ ಹಾರಿಸುತ್ತ ಕುಳಿತರೆ? ಆಗ ಹೆಂಡತಿ ಬಾಗಿಲಲ್ಲಿ ನಿಂತು ನೋಡುವ ನೋಟವೇ ಬೇರೆ. ಆ ನೋಟದ ಪರಿಚಯ ನನಗೆ ಚೆನ್ನಾಗಿದೆ.

ಯಂತ್ರ ನನ್ನದಲ್ಲ, ಮಗನದು. ಹೆಸರು ಸ್ವಿಚ್. ಜಪಾನಿನ ನಿಂಟೆಂಡೊ ಕಂಪೆನಿ ೨೦೧೭ರಲ್ಲಿ ಹೊರತಂದದ್ದು. ೨೦೨೫ರಲ್ಲಿ ಅದಕ್ಕೊಬ್ಬ ತಮ್ಮನೂ ಹುಟ್ಟಿದ್ದಾನೆ. ಹೊರದೇಶದಿಂದ ಬರುವ ಗೆಳೆಯನ ಕೈಯಲ್ಲಿ ಮಗ ಇದನ್ನು ತರಿಸಿಕೊಂಡ. ಅದನ್ನು ಮೊದಲ ಸಲ ಹಂಗಳಕ್ಕೆ, ಅಂದರೆ ನಮ್ಮೂರಿಗೆ, ಕೊಂಡೊಯ್ದಾಗ ನಡೆದ ಪ್ರಸಂಗವನ್ನು ಹೇಳಲೇಬೇಕು. ಬೆಳಿಗ್ಗೆ ಎದ್ದವನೇ ಮಗ, “ಅಜ್ಜಿ, ನನ್ನ ಸ್ವಿಚ್ ಎಲ್ಲಿ?” ಎಂದ. ನಮ್ಮವ್ವ ಒಲೆಯ ಮುಂದಿನಿಂದ ಏಳದೆ, “ಬಾಗ್ಲು ಹಿಂದ್ಗಡೆ ಅದೆ ನೋಡು ಕೂಸು, ಎರಡ್ನೇದು ಒತ್ತು” ಎಂದಳು. ಅವನು ಹೋಗಿ ಒತ್ತಿದ. ಫ್ಯಾನು ತಿರುಗಿತು.

ಈ ಯಂತ್ರಕ್ಕೆ ಸುಮಾರು ಆರಂಗುಲದ ಪರದೆ. ಎಡಕ್ಕೊಂದು ಬಲಕ್ಕೊಂದು ಹಿಡಿಗಳುಂಟು. ಅವನ್ನು ಕಳಚಿ ಇಬ್ಬರು ಒಂದೊಂದು ಹಿಡಿದು ಆಡಬಹುದು. ಮಗನಿಗೆ ಇದರಲ್ಲಿ ಬೇಕಾದದ್ದು ಹೊಸ ಆಟಗಳು. ಬೆಟ್ಟ, ಕಣಿವೆ, ಹುಲ್ಲಿನ ಗರಿಗರಿಯೂ ಅಲುಗುವ ಆಟಗಳು. ನನಗೆ ಅವುಗಳ ತಲೆಬುಡ ತಿಳಿಯದು. ಒಂದು ದಿನ ಅವನು, “ಅಪ್ಪ, ಇದರಲ್ಲಿ ನಿಮ್ಮ ಕಾಲದ್ದೂ ಇದೆ” ಎಂದು ಯಾವುದೋ ಗುಂಡಿ ಒತ್ತಿ ನನ್ನ ಕೈಗೆ ಕೊಟ್ಟ. ಮೂವತ್ತು ವರ್ಷದ ಹಿಂದಿನ ರಾಗ ಕಿವಿಗೆ ಬಿತ್ತು.

ನಮ್ಮ ಕಾಲದ್ದೆಂದರೆ ೧೯೯೩-೯೪ರದ್ದು. ನಿಂಟೆಂಡೊ ತನ್ನ ಮನೆಯ ಯಂತ್ರವನ್ನು ಜಪಾನಿನಲ್ಲಿ ಮಾರತೊಡಗಿದ್ದು ೧೯೮೩ರಲ್ಲಿ. ಹಂಗಳಕ್ಕೆ ಅದು ಬರಲು ಹತ್ತು ವರ್ಷ ಹಿಡಿಯಿತು, ಬಂದದ್ದೂ ಅಸಲಲ್ಲ, ನಕಲು. ಸಮುರಾಯ್, ಮೀಡಿಯಾ ಎಂಬಂಥ ಹೆಸರುಗಳಲ್ಲಿ ಆಗ ಪೇಟೆಯಲ್ಲಿ ಸಿಗುತ್ತಿದ್ದವು. ಮೈಸೂರಿನ ಸೋದರಮಾವ ತನ್ನ ಮಕ್ಕಳಿಗೆ ಬೇಸರ ಬಂದ ಮೇಲೆ ನಮಗೆ ದಾನ ಮಾಡಿದ ಪೆಟ್ಟಿಗೆ ಅದು. ಆಟದ ತುಂಡಿಗೆ ನಾವು ಕ್ಯಾಸೆಟ್ಟು ಎನ್ನುತ್ತಿದ್ದೆವು. ಕ್ಯಾಸೆಟ್ಟಿನ ಬಾಯಿಗೆ ಉಫ್ ಎಂದು ಊದಿ ಸಿಕ್ಕಿಸಿದರೆ ಆಟ ಬರುತ್ತದೆಂಬುದು ನಮ್ಮ ದೃಢವಾದ ನಂಬಿಕೆ. ಕ್ಯಾಸೆಟ್ಟಿನ ಮೇಲೆ ೯೯೯೯ ಆಟವೆಂದು ಅಚ್ಚಾಗಿರುತ್ತಿತ್ತು. ಒಳಗಿದ್ದದ್ದು ಬೆರಳೆಣಿಕೆಯಷ್ಟು, ಮಿಕ್ಕದ್ದೆಲ್ಲ ಅವೇ ಆಟಗಳು ಬೇರೆ ಬೇರೆ ಹಂತದಿಂದ ಶುರುವಾಗುತ್ತಿದ್ದದ್ದು. ಆದರೂ ನಾನೂ ನನ್ನ ತಮ್ಮನೂ ಒಂದು ಬೇಸಿಗೆಯೆಲ್ಲ ೯೯೯೯ರವರೆಗೆ ಹೋಗಿ ನೋಡಿದೆವು. ಪುಕ್ಕಟೆ ಸಿಕ್ಕಿದ್ದನ್ನು ಪರೀಕ್ಷಿಸದೆ ಬಿಡುವ ಜಾತಿ ನಮ್ಮದಲ್ಲ.

ಆ ಆಟಗಳ ಬಡತನ ಈಗ ತಿಳಿದರೆ ಆಶ್ಚರ್ಯವಾಗುತ್ತದೆ. ೧೯೮೫ರ ಸೂಪರ್ ಮಾರಿಯೋ ಪೂರ್ತಿ ಆಟ ನಲವತ್ತು ಕಿಲೋಬೈಟಿನಲ್ಲಿ ಅಡಗಿದೆ. ಇಂದು ಮದುವೆಯ ಒಂದು ಫೋಟೋ ಕಳಿಸಿದರೆ ಅದರ ಹಲವು ಪಾಲು ಜಾಗ ಬೇಕು. ಅಷ್ಟರಲ್ಲೇ ಸಂಸಾರ ತೂಗಿಸಬೇಕಾದಾಗ ಮನುಷ್ಯನಿಗೆ ಎಂಥೆಂಥ ಉಪಾಯ ಹೊಳೆಯುತ್ತದೆ ನೋಡಿ: ಆ ಆಟದಲ್ಲಿ ಆಕಾಶದ ಮೋಡವೂ ನೆಲದ ಪೊದೆಯೂ ಒಂದೇ ಚಿತ್ರ. ಬಿಳಿ ಬಳಿದರೆ ಮೋಡ, ಹಸಿರು ಬಳಿದರೆ ಪೊದೆ. ಇದನ್ನು ಓದಿ ತಿಳಿದಾಗ ನನಗೇನೂ ಮೋಸವೆನಿಸಲಿಲ್ಲ. ನಮ್ಮೂರಿನಿಂದ ಬಲಕ್ಕೆ ತಿರುಗಿದರೆ ಹಿಮವದ್ ಗೋಪಾಲಸ್ವಾಮಿ ಬೆಟ್ಟ. ಎತ್ತರ ೧,೪೫೪ ಮೀಟರ್. ಮುಂಜಾನೆ ಅಲ್ಲಿ ನಿಂತವರಿಗೆ ಮೋಡ ಯಾವುದು ಪೊದೆ ಯಾವುದು ಎಂದು ಹೇಳುವುದು ಸುಲಭವಲ್ಲ.

ಹಳೆಯ ಯಂತ್ರ ಪರದೆಯ ಒಂದು ಅಡ್ಡಗೆರೆಯಲ್ಲಿ ಎಂಟಕ್ಕಿಂತ ಹೆಚ್ಚು ಓಡಾಡುವ ಚಿತ್ರದ ತುಣುಕುಗಳನ್ನು ತೋರಿಸಲಾರದು. ಶತ್ರುಗಳು ಗುಂಪಾಗಿ ಬಂದರೆ ಅವರು ಮಿಣುಕುತ್ತಿದ್ದರು. ಹೊಸ ಯಂತ್ರಕ್ಕೆ ಸಾವಿರ ತುಣುಕು ತೋರಿಸುವ ಸಾಮರ್ಥ್ಯವಿದ್ದರೂ ಹಳೆಯದರ ವೇಷ ಹಾಕಿದಾಗ ಅದು ಆ ಮಿಣುಕನ್ನೂ ತಪ್ಪದೆ ಮಿಣುಕಿಸುತ್ತದೆ. ಮುದುಕನ ಪಾತ್ರ ಮಾಡುವ ಯುವಕ ನಟ ಕೆಮ್ಮನ್ನೂ ಕಲಿತ ಹಾಗೆ.

ನಮ್ಮಿಬ್ಬರ ಪ್ರಾಣ ಹಿಡಿದಿಟ್ಟ ಆಟವೆಂದರೆ ಕಾಂಟ್ರಾ. ಕೊನಾಮಿ ಎಂಬ ಕಂಪೆನಿಯದು, ೧೯೮೭ರದು. ಮನೆಯ ಯಂತ್ರಕ್ಕೆ ಬಂದದ್ದು ೧೯೮೮ರಲ್ಲಿ. ನೀಲಿ ಷರಾಯಿಯವನೊಬ್ಬ, ಕೆಂಪು ಷರಾಯಿಯವನೊಬ್ಬ. ಇಬ್ಬರೂ ಬಂದೂಕು ಹಿಡಿದು ಎಂಟು ಹಂತ ದಾಟಬೇಕು. ಅಣ್ಣನಾದ್ದರಿಂದ ನೀಲಿ ನನಗೆ. ಒಬ್ಬೊಬ್ಬರಿಗೆ ಮೂರೇ ಜೀವ; ನಾವು ಲೈಫು ಎನ್ನುತ್ತಿದ್ದೆವು. ಒಂದು ಗುಂಡು ತಗುಲಿದರೆ ಒಂದು ಲೈಫು ಹೋಯಿತು. ಆದರೆ ಶುರುವಿನಲ್ಲಿ ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ ಎಂದು ಗುಂಡಿ ಒತ್ತಿದರೆ ಮೂರಿದ್ದದ್ದು ಮೂವತ್ತಾಗುತ್ತದೆ. ಈ ಮಂತ್ರದ ಋಷಿ ಕಜುಹಿಸ ಹಶಿಮೊಟೊ ಎಂಬಾತ. ೧೯೮೬ರಲ್ಲಿ ಗ್ರೇಡಿಯಸ್ ಎಂಬ ಇನ್ನೊಂದು ಆಟವನ್ನು ಮನೆಯ ಯಂತ್ರಕ್ಕೆ ಅಳವಡಿಸುವಾಗ ಅದನ್ನು ಆಡಿ ಮುಗಿಸುವುದು ತನಗೇ ಕಷ್ಟವಾಗಿ, ಪರೀಕ್ಷೆಯ ಅನುಕೂಲಕ್ಕೆಂದು ಈ ಕಳ್ಳದಾರಿ ಇಟ್ಟುಕೊಂಡ; ಅದು ಹಾಗೆಯೇ ಆಟದೊಳಗೆ ಉಳಿದು ಲೋಕಪ್ರಸಿದ್ಧವಾಯಿತು. ಆತ ೨೦೨೦ರಲ್ಲಿ ತೀರಿಕೊಂಡ. ಮಾವನ ಮಗನ ಬಾಯಿಂದ ಈ ಮಂತ್ರ ಹಂಗಳಕ್ಕೆ ಬಂದಾಗ ನನ್ನ ತಮ್ಮ ಅದನ್ನು ಮಗ್ಗಿ ಪುಸ್ತಕದ ಹಿಂದಿನ ಪುಟದಲ್ಲಿ ಬರೆದುಕೊಂಡ.

ಮೂರನೆಯ ಹಂತ ಜಲಪಾತದ್ದು. ಬಂಡೆಯಿಂದ ಬಂಡೆಗೆ ಜಿಗಿಯುತ್ತ ಮೇಲಕ್ಕೆ ಹತ್ತಬೇಕು. ಇಬ್ಬರು ಆಡುವಾಗ ಅಲ್ಲೊಂದು ಕ್ರೂರವಾದ ನಿಯಮವಿದೆ: ಮುಂದೆ ಹತ್ತಿದವನ ಜತೆ ಪರದೆ ಮೇಲಕ್ಕೆ ಸರಿಯುತ್ತದೆ, ಕೆಳಗೆ ಉಳಿದವನು ಪರದೆಯ ಅಂಚಿಗೆ ಸಿಕ್ಕಿ ಸಾಯುತ್ತಾನೆ. ಗುಂಡೂ ಬೇಡ, ಶತ್ರುವೂ ಬೇಡ. ಹತ್ತು ವರ್ಷದ ನನ್ನ ತಮ್ಮ ಕೋತಿಯಂತೆ ಹತ್ತಿಬಿಡುತ್ತಿದ್ದ. ಹದಿಮೂರರ ನಾನು ಕೆಳಗಿನಿಂದ “ನಿಲ್ಲೋ, ನಿಲ್ಲೋ” ಎಂದು ಕೂಗುತ್ತಲೇ ಸಾಯುತ್ತಿದ್ದೆ. ಮೂವತ್ತರಲ್ಲಿ ಎಂಟು ಹತ್ತು ಲೈಫು ಅಲ್ಲೇ ನೀರುಪಾಲು. ಕೊನೆಗೆ ಅವನು ಕಲಿತ. ಎರಡು ಬಂಡೆ ಹತ್ತುವುದು, ನಿಲ್ಲುವುದು. ಇಷ್ಟೆಲ್ಲ ಮಾಡಿ ಏಳನೆಯ ಹಂತಕ್ಕೆ ಬಂದರೆ ಕರೆಂಟು ಹೋಗುತ್ತಿತ್ತು. ಆ ಯಂತ್ರದಲ್ಲಿ ಆಟವನ್ನು ಉಳಿಸಿಡುವ ಏರ್ಪಾಡಿಲ್ಲ. ಕರೆಂಟು ಬಂದ ಮೇಲೆ ಮತ್ತೆ ಮೊದಲ ಕಾಡಿನಿಂದ.

ಈಗಿನ ಯಂತ್ರದಲ್ಲಿ ಹಾಗಲ್ಲ. ಕೊನಾಮಿಯವರು ೨೦೧೯ರಲ್ಲಿ ಆ ಹಳೆಯ ಆಟಗಳನ್ನು ಒಂದು ಕಟ್ಟಾಗಿ ಮತ್ತೆ ಮಾರಾಟಕ್ಕೆ ತಂದರು. ಎಲ್ಲಿ ಬೇಕಾದರೂ ನಿಲ್ಲಿಸಿ, ಆ ಗಳಿಗೆಯನ್ನು ಹಾಗೆಯೇ ಉಳಿಸಿಟ್ಟು, ಸತ್ತರೆ ಅಲ್ಲಿಂದಲೇ ಮುಂದುವರಿಸಬಹುದು. ನಮ್ಮವ್ವನಿಗೆ ಇದನ್ನು ವಿವರಿಸಿದೆ. ಅವಳು ಎಪ್ಪತ್ತೆರಡರ ಪ್ರಾಯದಲ್ಲೂ ಚೌಕಾಬಾರದಲ್ಲಿ ಯಾರಿಗೂ ಸೋಲದ ಹೆಂಗಸು. “ಕಾಯಿ ಹೊಡಿಸ್ಕೊಳ್ದೆ ಹಣ್ಣು ಮಾಡಾದು ಅದ್ಯಾವ್ ಆಟ್ವೋ?” ಎಂದಳು. ಹೊಡೆಸಿಕೊಂಡ ಕಾಯಿ ಮನೆಗೆ ಹಿಂತಿರುಗಿ ಮೊದಲಿನಿಂದ ಹೊರಡಬೇಕು. ಹಾಗೆ ಹೊರಟು ನಡುಮನೆ ಸೇರಿದ ಕಾಯಿಯೇ ಅವಳ ಪಾಲಿಗೆ ಹಣ್ಣು. ನನಗೂ ಅವಳ ಮಾತೇ ಸರಿಯೆನಿಸುತ್ತದೆ. ಆದರೂ ಮೈಸೂರಿನ ಮನೆಯಲ್ಲಿ ಒಬ್ಬನೇ ಆಡುವಾಗ ಉಳಿಸಿಟ್ಟೇ ಆಡುತ್ತೇನೆ. ಬೆಳಿಗ್ಗೆ ಕಚೇರಿಗೆ ಹೋಗಬೇಕಾದವನ ಧರ್ಮವೇ ಬೇರೆ.

ಕಳೆದ ದಸರೆಯಲ್ಲಿ ನಾನು ಹಂಗಳಕ್ಕೆ ಹೋದದ್ದು ಆಟಕ್ಕಲ್ಲ, ಜಮೀನಿನ ಮಾತಿಗೆ. ಅಪ್ಪ ಬಿಟ್ಟುಹೋದ ಐದೆಕರೆ ನಮ್ಮಿಬ್ಬರ ಹೆಸರಿನಲ್ಲಿ ಜಂಟಿಯಾಗಿದೆ. ಓದಿ ನೌಕರಿ ಹಿಡಿದು ಮೈಸೂರು ಸೇರಿದವನು ನಾನು. ಉತ್ತು ಬಿತ್ತುವವನು ತಮ್ಮ. ಚೆಂಡುಹೂ, ಅರಿಶಿನ, ಬಾಳೆ, ಮುಸುಕಿನ ಜೋಳ. ಮಳೆಗಾಲದಲ್ಲಿ ಊಟಿಯ ರಸ್ತೆಯಲ್ಲಿ ಕಾರು ನಿಲ್ಲಿಸಿ ಚೆಂಡುಹೂವಿನ ನಡುವೆ ಫೋಟೋ ತೆಗೆಸಿಕೊಳ್ಳುವವರನ್ನು ನೀವು ನೋಡಿರಬಹುದು; ನೀವೇ ತೆಗೆಸಿಕೊಂಡಿರಲೂಬಹುದು. ಆ ಹೂವಿಗೆ ಸಿಕ್ಕುವ ಬೆಲೆ ಫೋಟೋದಲ್ಲಿ ಕಾಣುವುದಿಲ್ಲ. ೨೦೨೦ರಲ್ಲಿ ಭೂಸುಧಾರಣಾ ಕಾಯಿದೆಗೆ ತಿದ್ದುಪಡಿಯಾಗಿ, ಬೇಸಾಯಗಾರರಲ್ಲದವರೂ ಜಮೀನು ಕೊಳ್ಳಬಹುದೆಂದಾಯಿತು. ಬಂಡೀಪುರದ ಸುತ್ತ ೨೦೧೨ರಿಂದ ಪರಿಸರ ಸೂಕ್ಷ್ಮ ವಲಯದ ಕಟ್ಟುಪಾಡು ಇದ್ದರೂ, ಬೆಟ್ಟ ಕಾಣುವ ಜಮೀನೆಂದರೆ ಪಟ್ಟಣದವರಿಗೆ ಮೋಹ. ದಲ್ಲಾಳಿಯೊಬ್ಬ ಹೇಳಿದ ಬೆಲೆ ಕೇಳಿ ನನಗೆ ನಿದ್ದೆ ಬರಲಿಲ್ಲ. ಮನೆಯ ಸಾಲ ಇನ್ನೂ ಹನ್ನೊಂದು ವರ್ಷವಿದೆ. ಮಗನ ಕಾಲೇಜಿನ ಶುಲ್ಕ ಬೇರೆ. ಮಾರಲು ಇಬ್ಬರ ಸಹಿಯೂ ಬೇಕು.

ಮೂರು ದಿನ ಮಾತೇ ಹೊರಡಲಿಲ್ಲ. ತಮ್ಮ ರಾತ್ರಿ ಊಟವಾದೊಡನೆ ಕಾವಲಿಗೆ ಹೊಲಕ್ಕೆ ಹೋಗುತ್ತಿದ್ದ. ಬಾಳೆಯೂ ಜೋಳವೂ ಬಲಿಯುವ ಸಮಯ. ಆನೆ, ಹಂದಿ ಎರಡರ ಕಾಟವೂ ಇದೆ. ಮೂರನೆಯ ರಾತ್ರಿ ನಾನೂ ಹೊರಟೆ. ಕಂಬಳಿಯ ಜತೆಗೆ ಮಗನ ಯಂತ್ರವನ್ನೂ ಚೀಲಕ್ಕೆ ಹಾಕಿಕೊಂಡೆ.

ನಮ್ಮ ಅಟ್ಟಣೆ ಹುಣಿಸೆ ಮರದ ಮೇಲಿದೆ. ೨೦೦೯ರಿಂದ ಬಂಡೀಪುರದ ಕಾಡಿನ ರಸ್ತೆಯಲ್ಲಿ ರಾತ್ರಿ ಒಂಬತ್ತರಿಂದ ಬೆಳಗಿನ ಆರರವರೆಗೆ ವಾಹನ ಸಂಚಾರಕ್ಕೆ ತಡೆ. ಮೇಲುಕಾಮನಹಳ್ಳಿಯ ಗೇಟು ಬಿದ್ದ ಮೇಲೆ ಹಂಗಳದ ಕಡೆ ಬರುವ ಸದ್ದು ಕಡಿಮೆಯಾಗುತ್ತ ಬಂದು, ಹತ್ತರ ಹೊತ್ತಿಗೆ ಜೀರುಂಡೆ ಮಾತ್ರ ಉಳಿಯುತ್ತದೆ. ತಮ್ಮನ ಕೈಗೆ ಒಂದು ಹಿಡಿ ಕೊಟ್ಟೆ. ಅವನು ಅದನ್ನು ತಿರುಗಿಸಿ ತಿರುಗಿಸಿ ನೋಡಿದ. ಅರಿಶಿನ ಅಗೆದು ಒರಟಾದ ಆ ಹೆಬ್ಬೆರಳಿಗೆ ಗುಂಡಿಗಳು ತೀರ ಚಿಕ್ಕವು. ಸದ್ದು ಆರಿಸಿ ಕಾಂಟ್ರಾ ಹಚ್ಚಿದೆ. ಮಂತ್ರ ನನಗೆ ಅರ್ಧ ಮರೆತಿತ್ತು. ಅವನು ನನ್ನ ಹಿಡಿಯನ್ನು ಕಿತ್ತುಕೊಂಡು, ಕಣ್ಣು ಬೇರೆಲ್ಲೋ ಇಟ್ಟುಕೊಂಡು, ಬೆರಳಿನಿಂದಲೇ ಒತ್ತಿದ. ಮೂವತ್ತು ಲೈಫು ಬಂತು.

ಜಲಪಾತ ಬಂತು. ಅವನು ಎರಡು ಬಂಡೆ ಹತ್ತಿ ನಿಂತ. “ಬಾ ಅಣ್ಣ.” ನಾನು ಹತ್ತಿದೆ. ಮತ್ತೆ ಎರಡು, ಮತ್ತೆ ನಿಂತ. ಆಮೇಲೆ ಪರದೆಯಿಂದ ಕಣ್ಣು ತೆಗೆಯದೆಯೇ ಹೇಳಿದ: “ಮಾರ್ಬುಟ್ರೆ ದುಡ್ಡು ಬತ್ತದೆ, ಇಲ್ಲ ಅಂತೀನಾ? ಬೆಳಿಗ್ಗೆ ಎದ್ದು ಎಲ್ಗೆ ಹೋಗ್ಲಿ ನಾನು, ಅದ ಹೇಳು.”

ನನ್ನಲ್ಲಿ ಉತ್ತರ ಇರಲಿಲ್ಲವೆಂದಲ್ಲ. ದುಡ್ಡನ್ನು ಬ್ಯಾಂಕಿನಲ್ಲಿಟ್ಟರೆ ಬರುವ ಬಡ್ಡಿಯನ್ನು ಮೈಸೂರಿನಲ್ಲೇ ಲೆಕ್ಕ ಹಾಕಿ ಚೀಟಿಯಲ್ಲಿ ಬರೆದುಕೊಂಡು ಹೋಗಿದ್ದೆ. ಬೇಸಾಯದಿಂದ ಬರುವುದಕ್ಕಿಂತ ಅದು ಹೆಚ್ಚು. ಚೀಟಿ ಜೇಬಿನಲ್ಲೇ ಇತ್ತು. ತೆಗೆಯುವ ಮೊದಲೇ ನಾಯಿಗಳು ಬೊಗಳಿದವು. ಅವನು ಹಿಡಿಯನ್ನು ನನ್ನ ಕೈಗಿಟ್ಟು, ಟಾರ್ಚೂ ಪಟಾಕಿಯೂ ತೆಗೆದುಕೊಂಡು, “ನೀನು ಇಳೀಬ್ಯಾಡ” ಎಂದು ಹೇಳಿ ಇಳಿದುಹೋದ.

ಪಕ್ಕದ ಹೊಲದ ಕಡೆ ಕೂಗು, ತಮಟೆ, ಪಟಾಕಿ. ಟಾರ್ಚಿನ ಬೆಳಕು ಬಾಳೆಯ ಎಲೆಗಳ ಮೇಲೆ ಓಡಾಡಿತು. ಒಂದು ಸಲ ಮರ ಮುರಿದ ಸದ್ದು ಕೇಳಿತು. ಆಮೇಲೆ ಕೂಗು ನಿಂತುಹೋಯಿತು. ಕೂಗು ನಿಂತದ್ದೇ ಹೆಚ್ಚು ಭಯ. ಅವನ ಹೆಸರು ಹಿಡಿದು ಕೂಗಿದೆ, ಉತ್ತರವಿಲ್ಲ. ಪರದೆಯಲ್ಲಿ ಆಟ ನಿಲ್ಲಿಸಿದ್ದೆ. ಕೆಂಪು ಷರಾಯಿಯವನು ಮೇಲಿನ ಬಂಡೆಯಲ್ಲಿ, ನೀಲಿಯವನು ಕೆಳಗೆ. ಮುಕ್ಕಾಲು ಗಂಟೆಯಾದ ಮೇಲೆ ಏಣಿ ಅಲುಗಿತು. ಮೊಣಕಾಲವರೆಗೆ ಕೆಸರು, ಉಸಿರು ಬಿಸಿ. “ಮೂರು ಬಂದಿದ್ದೋ. ಮರಿ ಒಂದಿತ್ತು. ಪಕ್ಕದೋರ ಬಾಳೆ ಒಂದ್ ಸಾಲು ಹೋಯ್ತು. ನಮ್ದು ಉಳೀತು” ಎಂದು ನೀರು ಕುಡಿದ. ಕೈ ಒರೆಸಿಕೊಂಡು ಹಿಡಿಯನ್ನು ಎತ್ತಿಕೊಂಡ. “ಎಲ್ಲಿದ್ದೋ?”

ಆ ರಾತ್ರಿ ಎಂಟು ಹಂತವೂ ಮುಗಿಯಲಿಲ್ಲ. ಯಂತ್ರದ ಬ್ಯಾಟರಿ ಮುಗಿಯಿತು. ಚೀಟಿಯನ್ನು ನಾನು ಜೇಬಿನಿಂದ ತೆಗೆಯಲಿಲ್ಲ. ಬೆಳಿಗ್ಗೆ ದಲ್ಲಾಳಿಗೆ ಫೋನು ಮಾಡಿ, ಈ ವರ್ಷ ಸಹಿ ಇಲ್ಲ ಎಂದು ಹೇಳಿದೆ. ಮುಂದಿನ ವರ್ಷ ಬೆಲೆ ಏರುತ್ತದೆಂದು ನಾನು ಕಾಯುತ್ತಿದ್ದೇನೆಂದು ಅವನು ತಿಳಿದ; ತನ್ನದೂ ಅದೇ ಅಭಿಪ್ರಾಯವೆಂದು ಮೆಚ್ಚಿಕೊಂಡ. ನನ್ನ ಹೆಂಡತಿ ಮೆಚ್ಚಲಿಲ್ಲ. ಸಾಲದ ಹನ್ನೊಂದು ವರ್ಷದಲ್ಲಿ ಒಂದು ದಿನವೂ ಕಡಿಮೆಯಾಗಿಲ್ಲವೆಂಬುದು ಅವಳ ವಾದ. ಲೆಕ್ಕ ಸರಿಯಾಗಿಯೇ ಇದೆ.

ಯಂತ್ರವನ್ನು ಹಂಗಳದಲ್ಲೇ ಬಿಟ್ಟು ಬಂದೆ. ಮಗ ಎರಡು ದಿನ ನನ್ನೊಡನೆ ಮಾತಾಡಲಿಲ್ಲ. ಆಮೇಲೆ ಪರೀಕ್ಷೆ ಮುಗಿಯುವವರೆಗೆ ಇರಲಿ ಎಂದು ತಾನೇ ರಾಜಿಯಾದ. ಮೊನ್ನೆ ತಮ್ಮ ಫೋನು ಮಾಡಿದ್ದ. ಐದನೆಯ ಹಂತದ ಹಿಮದ ಬಯಲು ದಾಟಿದನಂತೆ, ಉಳಿಸಿಡದೆಯೇ. ಒಬ್ಬನೇ ಆಡುವಾಗ ಕೆಂಪು ಷರಾಯಿಯವನು ಸಿಗುವುದಿಲ್ಲ, ನೀಲಿಯವನನ್ನೇ ಆಡಿಸಬೇಕು ಎಂದು ದೂರಿದ. ಬರುವ ತಿಂಗಳು ಬಾಳೆಗೊನೆ ಕಡಿಯುವುದಿದೆ, ಎರಡು ದಿನ ರಜೆ ಹಾಕಿ ಬಾ ಎಂದ.