ಕಿಸೆಯಲ್ಲಿ ಕಡತ

ನರೋಣಾದಂಥ ಊರಿನಲ್ಲಿ ಕೂತು ಬರೆಯುವವರಿಗೆ ನಾನು ಹೇಳುವುದು ಒಂದೇ: ಬರೆದದ್ದನ್ನೆಲ್ಲ ಸಾದಾ ಪಠ್ಯದ ಕಡತಗಳಾಗಿ ಒಂದು ಪೆನ್‌ಡ್ರೈವ್‌ನಲ್ಲಿ ಇಟ್ಟುಕೊಳ್ಳಿ. ಬಣ್ಣ ಬೇಡ, ಚೌಕಟ್ಟು ಬೇಡ. ಮೊದಲು ತಲೆಬರಹ, ಒಂದು ಸಾಲು ಖಾಲಿ, ಆಮೇಲೆ ಬರಹ. ಕಡತದ ಹೆಸರನ್ನು ಇಸವಿ, ತಿಂಗಳು, ತಾರೀಖಿನಿಂದ ಶುರು ಮಾಡಿದರೆ ಅವು ತಾವಾಗಿಯೇ ಸರದಿಯಲ್ಲಿ ನಿಲ್ಲುತ್ತವೆ. ನೆಟ್ ಇರಲಿ ಬಿಡಲಿ, ಆಳಂದದ ಝೆರಾಕ್ಸ್ ಅಂಗಡಿಯಲ್ಲಾಗಲಿ ಕಲಬುರಗಿಯ ಬೀಗರ ಮನೆಯಲ್ಲಾಗಲಿ ಕಂಪ್ಯೂಟರಿಗೆ ಚುಚ್ಚಿ ನೋಟ್‌ಪ್ಯಾಡ್ ತೆರೆದರೆ ನಿಲ್ಲಿಸಿದಲ್ಲಿಂದ ಮುಂದುವರಿಸಬಹುದು.

ಜಾಗದ ಚಿಂತೆ ಇಲ್ಲವೇ ಇಲ್ಲ. ಯುಟಿಎಫ್-8 ಕ್ರಮದಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೆ 3 ಬೈಟ್. ‘ನರೋಣಾ’ ಎಂದು ಬರೆಯಿರಿ: ನ, ರ, ಓತ್ವ, ಣ, ದೀರ್ಘ. 5 ಸಂಕೇತ, 15 ಬೈಟ್. ಫೋನಿನಲ್ಲಿ ತೆಗೆದ ಒಂದು ಫೋಟೋದ ಜಾಗದಲ್ಲಿ ಇಂಥ ಹರಟೆಗಳು ನೂರಾರು ಹಿಡಿಸುತ್ತವೆ.

ತೊಡಕಿರುವುದು ಬೇರೆ ಕಡೆ. ಡಿಟಿಪಿ ಅಂಗಡಿಯ ಹುಡುಗ ಪೆನ್‌ಡ್ರೈವ್ ಕೈಗೆ ತಗೊಂಡವನೇ ಕೇಳುತ್ತಾನೆ: “ಸರ, ಇದು ನುಡಿದಾಗ ಅದಾ, ಯುನಿಕೋಡ್‌ದಾಗ ಅದಾ?” ಬಹಳ ತೂಕದ ಪ್ರಶ್ನೆ ಅದು. ಹಳೆಯ ನುಡಿ, ಬರಹ ಫಾಂಟುಗಳಲ್ಲಿ ಟೈಪಿಸಿದ ಕಡತದೊಳಗೆ ಇರುತ್ತಿದ್ದದ್ದು ರೋಮನ್ ಅಕ್ಷರಗಳ ಸಂಕೇತ; ಅದಕ್ಕೆ ಕನ್ನಡದ ರೂಪ ತೊಡಿಸುತ್ತಿದ್ದದ್ದು ಫಾಂಟು. ಸಾದಾ ಕಡತ ಫಾಂಟಿನ ಹೆಸರನ್ನು ಹೊತ್ತು ತಿರುಗುವುದಿಲ್ಲ. ಹಾಗಾಗಿ ಯುನಿಕೋಡಿನಲ್ಲೇ ಬರೆಯಬೇಕು. ಹಳೆಯ ವಿಂಡೋಸ್ ಇರುವ ಯಂತ್ರದಲ್ಲಿ ಇನ್ನೂ ಒಂದು ಎಚ್ಚರ: 2019ಕ್ಕಿಂತ ಹಿಂದಿನ ನೋಟ್‌ಪ್ಯಾಡ್ ತಾನಾಗಿ ‘ಆನ್ಸಿ’ ಕ್ರಮ ಹಿಡಿಯುತ್ತಿತ್ತು. ಯುಟಿಎಫ್-8 ಆರಿಸದೆ ಉಳಿಸಿದರೆ ಕನ್ನಡವೆಲ್ಲ ಪ್ರಶ್ನಾರ್ಥಕ ಚಿಹ್ನೆಗಳ ಸಾಲು. ಮುಚ್ಚಿದ ಮೇಲೆ ಮರಳಿ ಬರುವುದಿಲ್ಲ. ಬರೆದವರ ಹೊಟ್ಟೆ ಉರಿಯುವ ಮಾತಿದು.

ಬರೆದದ್ದನ್ನು ಜೊತೆಗೇ ಒಯ್ಯುವ ರೂಢಿ ನಮ್ಮ ಸೀಮೆಗೆ ಹೊಸತಲ್ಲ. ಜೇವರ್ಗಿ ಕಡೆಯ ಕಡಕೋಳ ಮಡಿವಾಳಪ್ಪನವರ, ಅವರ ಶಿಷ್ಯ ಚನ್ನೂರ ಜಲಾಲಸಾಹೇಬರ ತತ್ವಪದಗಳು ಉಳಿದು ಬಂದದ್ದು ಭಜನೆಯವರ ಬಾಯಲ್ಲಿ, ಕೈಬರಹದ ವಹಿಗಳಲ್ಲಿ. ಬಗಲಚೀಲದಲ್ಲಿ ವಹಿ ಹಾಕಿಕೊಂಡು ಮಠಕ್ಕೆ ಹೋದರು, ಜಾತ್ರೆಗೆ ಹೋದರು. ಬೇಕಾದವರು ತಮ್ಮ ವಹಿಗೆ ಇಳಿಸಿಕೊಂಡರು. ಪುಟ ಹರಿದರೂ, ಕೈ ಬದಲಾದರೂ ಪದ ಯಾರದೆಂದು ಕೊನೆಯ ನುಡಿಯ ಅಂಕಿತವೇ ಹೇಳುತ್ತಿತ್ತು. ಅದಕ್ಕೇ ನಾನು ಹೆಸರು, ಊರು, ತಾರೀಖನ್ನು ಕಡತದ ಹೆಸರಿಗಷ್ಟೇ ಬಿಡದೆ ಬರಹದ ಕೆಳಗೂ ಹಾಕಿ ಎನ್ನುತ್ತೇನೆ. ನಕಲು ಮಾಡುವವರು ಕಡತದ ಹೆಸರನ್ನು ಬದಲಿಸಿಬಿಡಬಹುದು.

ನಕಲು ಮಾತ್ರ ಇರಲೇಬೇಕು. ಪೆನ್‌ಡ್ರೈವ್ ಅಕ್ಷರವನ್ನು ಹಿಡಿದಿಡುವುದು ಸಣ್ಣ ವಿದ್ಯುದಂಶಗಳಲ್ಲಿ. ವರ್ಷಗಟ್ಟಲೆ ಪೆಟ್ಟಿಗೆಯಲ್ಲಿ ಬಿದ್ದಿದ್ದರೆ ಅವು ಸೋರಿಹೋಗಬಹುದು. ಕಿಸೆಯಲ್ಲೊಂದು, ಮನೆಯ ಕಪಾಟಿನಲ್ಲೊಂದು, ಪುಣೆಗೋ ಹೈದರಾಬಾದಿಗೋ ದುಡಿಯಲು ಹೋದ ತಮ್ಮನ ಕೈಯಲ್ಲೊಂದು ಇರಲಿ. ಆತ ಯುಗಾದಿಗೆ ಊರಿಗೆ ಬಂದಾಗ ಮೂರನ್ನೂ ತೆರೆದು ನೋಡಿ, ವರ್ಷದ ಹೊಸ ಬರಹಗಳನ್ನು ಮೂರಕ್ಕೂ ಹಾಕಿ.